ಸ್ಟೀರಿಂಗ್‌ನಲ್ಲಿ ಆಟ, ಕೆಳಗೆ ಟಕ್ ಟಕ್ ಸದ್ದು: ರ್ಯಾಕ್ ಹೋಗಿದೆಯಾ, ಟೈ ರಾಡ್ ಎಂಡ್ ಹೋಗಿದೆಯಾ?

ನಾಲ್ಕನೇ_ಗೇರ್

ಗಾಡಿ ಇಪ್ಪತ್ತು ವರ್ಷ ದಾಟಿದ ಹ್ಯಾಚ್‌ಬ್ಯಾಕ್. ಫ್ರಂಟ್ ವೀಲ್ ಡ್ರೈವ್, ಪವರ್ ಇಲ್ಲದ ರ್ಯಾಕ್ ಸ್ಟೀರಿಂಗ್ (ಹಲ್ಲಿರೋ ಬಾರ್ ಎಡಕ್ಕೆ ಬಲಕ್ಕೆ ಸರಿದು ಚಕ್ರ ತಿರುಗಿಸೋದು), ಮುಂದೆ ಮ್ಯಾಕ್‌ಫರ್ಸನ್ ಸ್ಟ್ರಟ್ (ಸ್ಪ್ರಿಂಗ್, ಶಾಕ್ ಅಬ್ಸಾರ್ಬರ್ ಒಂದೇ ಕಂಬದಲ್ಲಿ ಇರೋದು).

ಚಕ್ರ ನೇರ ಇಟ್ಟು ಸ್ಟೀರಿಂಗ್ ಅಲ್ಲಾಡಿಸಿದರೆ ಅದರ ಅಂಚಿನಲ್ಲಿ 40 ಮಿ.ಮೀ. ಹತ್ತಿರ ಆಟ ಇದೆ. ಅಷ್ಟು ತಿರುಗಿದ ಮೇಲೇ ಟೈರ್ ಕದಲುತ್ತೆ. ಗುಂಡಿ ಬಿದ್ದ ರಸ್ತೆಯಲ್ಲಿ ನಿಧಾನಕ್ಕೆ ಹೋಗುವಾಗ ಎಡಗಡೆ ಕೆಳಗಿನಿಂದ ಟಕ್ ಟಕ್ ಅನ್ನುತ್ತೆ, ಆ ಏಟು ಸ್ಟೀರಿಂಗ್ ಹಿಡಿದ ಕೈಗೂ ಗೊತ್ತಾಗುತ್ತೆ. ಎಡ ಮುಂದಿನ ಟೈರಿನ ಹೊರ ಅಂಚು ಬೇಗ ಸವೆಯುತ್ತಿದೆ. ಅಲೈನ್‌ಮೆಂಟ್ ಮಾಡಿಸಿದರೆ ಕೆಲವೇ ದಿನ, ಮತ್ತೆ ಎಳೆಯೋಕೆ ಶುರು.

ಒಬ್ಬ ಮೆಕ್ಯಾನಿಕ್ ಇಡೀ ರ್ಯಾಕ್ ಬದಲಾಯಿಸಬೇಕು ಅಂದರು, ಇನ್ನೊಬ್ಬರು ಎರಡು ಟೈ ರಾಡ್ ಎಂಡ್ (ರ್ಯಾಕ್‌ನಿಂದ ಚಕ್ರಕ್ಕೆ ಹೋಗೋ ರಾಡ್‌ನ ಹೊರತುದಿಯ ಜಾಯಿಂಟ್) ಹಾಕಿದರೆ ಸಾಕು ಅಂದರು. ಇಬ್ಬರೂ ಗಾಡಿ ಎತ್ತಿ ನೋಡಲಿಲ್ಲ. ಜಾಕ್, ಎರಡು ಸ್ಟ್ಯಾಂಡ್, ಸ್ಪ್ಯಾನರ್ ಸೆಟ್, ಟಾರ್ಕ್ ರೆಂಚ್ ನನ್ನ ಹತ್ತಿರ ಇವೆ. ಪಾರ್ಟ್ ತರೋಕೆ ಮುಂಚೆ ಯಾವುದು ಹೋಗಿದೆ ಅಂತ ಖಚಿತ ಮಾಡಿಕೊಳ್ಳೋದು ಹೇಗೆ?

---

ಹಳೇ_ಚಾಸಿ

40 ಮಿ.ಮೀ. ಜಾಸ್ತಿನೇ. ಹಳೆ ಗಾಡಿಗಳ ಎಷ್ಟೋ ಸರ್ವಿಸ್ ಮ್ಯಾನ್ಯುಯಲ್‌ಗಳಲ್ಲಿ 30 ಮಿ.ಮೀ. ಕೊನೆ ಮಿತಿ ಅಂತ ಇರುತ್ತೆ. ಆದರೆ ಈ ವಯಸ್ಸಿನ ಗಾಡಿಯಲ್ಲಿ ಆಟ ಒಂದೇ ಜಾಗದಿಂದ ಬರೋದು ಅಪರೂಪ. ಸ್ವಲ್ಪ ಕಾಲಂನಲ್ಲಿ (ಸ್ಟೀರಿಂಗ್‌ನಿಂದ ಕೆಳಗಿಳಿಯೋ ಶಾಫ್ಟ್), ಸ್ವಲ್ಪ ಪಿನಿಯನ್ (ರ್ಯಾಕನ್ನು ಸರಿಸೋ ಸಣ್ಣ ಹಲ್ಲಿನ ಚಕ್ರ) ಹತ್ತಿರ, ಸ್ವಲ್ಪ ರಾಡ್‌ಗಳಲ್ಲಿ ಸೇರಿ ಅಷ್ಟಾಗಿರುತ್ತೆ. ಹಾಗಾಗಿ ಯಾವ ಜಾಯಿಂಟ್‌ನಲ್ಲಿ ಎಷ್ಟು ಅಂತ ಬಿಡಿಬಿಡಿಯಾಗಿ ನೋಡಬೇಕು.

ಮೊದಲು ಗಾಡಿ ಎತ್ತಬೇಡಿ. ಚಕ್ರಗಳು ನೆಲದ ಮೇಲೇ ಇರಲಿ, ಹ್ಯಾಂಡ್‌ಬ್ರೇಕ್ ಹಾಕಿ. ಒಬ್ಬರು ಒಳಗೆ ಕೂತು ಸ್ಟೀರಿಂಗ್‌ನ ಎಡಕ್ಕೆ ಬಲಕ್ಕೆ ಆಟ ಇರೋಷ್ಟು ದೂರ ಮಾತ್ರ, ಚುರುಕಾಗಿ ಅಲ್ಲಾಡಿಸ್ತಾ ಇರಲಿ. ಟೈರು ನೆಲ ಕಚ್ಚಿಕೊಂಡು ಎದುರು ಒತ್ತಡ ಕೊಡೋದರಿಂದ ಸವೆದ ಜಾಯಿಂಟ್ ತಾನಾಗಿ ಕಾಣುತ್ತೆ. ನೀವು ಮೇಲಿಂದ ಕೆಳಕ್ಕೆ ಬನ್ನಿ, ಪ್ರತಿ ಜಾಯಿಂಟ್‌ನ ಎರಡೂ ಕಡೆಗೆ ಬೆರಳು ತಾಗುವ ಹಾಗೆ ಕೈಯಿಟ್ಟು ನೋಡಿ. ಒಂದು ಕಡೆ ಕದಲಿ, ಇನ್ನೊಂದು ಕಡೆ ತಡವಾಗಿ ಕದಲಿದರೆ ಅದೇ ಸವೆದ ಜಾಗ. ಎರಡೂ ಒಟ್ಟಿಗೆ ಹೋದರೆ ಅದನ್ನು ಬಿಟ್ಟು ಮುಂದಿನದಕ್ಕೆ ಹೋಗಿ.

ಕಾಲಂನ ಯೂನಿವರ್ಸಲ್ ಜಾಯಿಂಟ್ ಪೆಡಲ್‌ಗಳ ಹತ್ತಿರ ಸಿಗುತ್ತೆ. ಮೇಲಿನ ನೊಗ ತಿರುಗಿ ಕೆಳಗಿನದು ಸುಮ್ಮನಿದ್ದರೆ ಅದರ ಸೂಜಿ ಬೇರಿಂಗ್ ಹೋಗಿದೆ. ಜಾಯಿಂಟ್ ಚೆನ್ನಾಗಿದ್ದು ಪಿನಿಯನ್ ಶಾಫ್ಟ್ ಹಲ್ಲಿನ ಮೇಲೆ ನೊಗವೇ ಜಾರುತ್ತಿದ್ದರೆ ನೊಗವನ್ನು ಶಾಫ್ಟ್‌ಗೆ ಬಿಗಿಯೋ ಪಿಂಚ್ ಬೋಲ್ಟ್ ಸಡಿಲ. ಅದು ಬರೀ ಬಿಗಿ ಮಾಡೋ ಕೆಲಸ, ಆದರೆ ಯಾರೂ ನೋಡೋದಿಲ್ಲ.

ಆಮೇಲೆ ರ್ಯಾಕ್‌ನ ಹೌಸಿಂಗ್. ಅದು ಗಾಡಿಯ ಬಾಡಿ ಮೇಲೆ ರಬ್ಬರ್ ಬುಷ್ ಮತ್ತು ಕ್ಲ್ಯಾಂಪ್‌ನಲ್ಲಿ ಕೂತಿರುತ್ತೆ. ಅಲ್ಲಾಡಿಸುವಾಗ ಇಡೀ ಹೌಸಿಂಗ್ ಅಕ್ಕಪಕ್ಕ ಜಾರಿದರೆ ರ್ಯಾಕ್ ಹೋಗಿಲ್ಲ, ರಬ್ಬರ್ ಹೋಗಿದೆ. ಇಡೀ ರ್ಯಾಕ್ ಬದಲಾಯಿಸಿದರೂ ಅದೇ ಹಳೆ ರಬ್ಬರ್‌ನಲ್ಲಿ ಕೂರಿಸಿದರೆ ತೊಂದರೆ ಹಾಗೇ ಉಳಿಯುತ್ತೆ.

ಒಳಗಿನ ಬಾಲ್ ಜಾಯಿಂಟ್, ಅಂದರೆ ರ್ಯಾಕ್ ಎಂಡ್, ಬೂಟ್ ಒಳಗೆ ಅಡಗಿರುತ್ತೆ. ರಬ್ಬರ್ ಬೂಟನ್ನು ಮೇಲಿಂದಲೇ ಹಿಸುಕಿ ಜಾಯಿಂಟ್ ಹಿಡಿದುಕೊಳ್ಳಿ. ಸವೆದಿದ್ದರೆ ಪ್ರತಿ ಸಲ ದಿಕ್ಕು ಬದಲಾಗುವಾಗ ಬೆರಳಿಗೆ ಟಕ್ ಅಂತ ಹೊಡೆಯುತ್ತೆ. ಹೊರಗಿನ ಟೈ ರಾಡ್ ಎಂಡ್ ಸುಲಭ, ರಾಡ್ ಹೋಗಿ ನಿಂತ ಮೇಲೆ ಸ್ಟೀರಿಂಗ್ ಆರ್ಮ್ (ಚಕ್ರ ತಿರುಗಿಸೋ ತೋಳು) ಕದಲೋದು ಕಣ್ಣಿಗೇ ಕಾಣುತ್ತೆ.

ಈಗ ಜಾಕ್. ಹಿಂದಿನ ಚಕ್ರಗಳು ಉರುಳದ ಹಾಗೆ ಅಡ್ಡ ಕೊಟ್ಟು, ಒಂದು ಬದಿ ಮಾತ್ರ ಎತ್ತಿ ಸ್ಟ್ಯಾಂಡ್ ಮೇಲೆ ಕೂರಿಸಿ. ಇನ್ನೊಂದು ಚಕ್ರ ನೆಲದಲ್ಲಿ ಇದ್ದರೆ ಅದೇ ರ್ಯಾಕನ್ನು ಹಿಡಿದುಕೊಳ್ಳುತ್ತೆ, ನಿಮ್ಮ ತಳ್ಳಾಟಕ್ಕೆಲ್ಲ ಸ್ಟೀರಿಂಗ್ ತಿರುಗೋದಿಲ್ಲ. ಟೈರನ್ನು ಗಡಿಯಾರದ 9 ಮತ್ತು 3ರ ಜಾಗದಲ್ಲಿ ಹಿಡಿದು ಒಂದು ಕೈ ತಳ್ಳಿ ಒಂದು ಕೈ ಎಳೆಯಿರಿ. ಇಲ್ಲಿ ಆಟ ಸಿಕ್ಕರೆ ಸ್ಟೀರಿಂಗ್ ರಾಡ್‌ಗಳ ಕಡೆ ನೋಡಿ. 12 ಮತ್ತು 6ರಲ್ಲಿ ಹಿಡಿದಾಗ ಸಿಕ್ಕರೆ ಲೋಯರ್ ಬಾಲ್ ಜಾಯಿಂಟ್ (ಚಕ್ರವನ್ನು ಕೆಳಗಿನಿಂದ ಹಿಡಿಯೋ ಲೋಯರ್ ಆರ್ಮ್‌ನ ತುದಿಯದು) ಅಥವಾ ವೀಲ್ ಬೇರಿಂಗ್. 9–3, 12–6 ಎರಡರಲ್ಲೂ ಒಂದೇ ಥರ ಸಿಕ್ಕರೆ ಬೇರಿಂಗ್ ಮೇಲೆ ಅನುಮಾನ ಜಾಸ್ತಿ. ಒಬ್ಬರನ್ನು ಬ್ರೇಕ್ ಒತ್ತಿ ಹಿಡಿಯೋಕೆ ಹೇಳಿ ಮತ್ತೆ ಅಲ್ಲಾಡಿಸಿ. ಚಕ್ರದ ಹಬ್ ತಾನು ಕೂತಿರೋ ನಕಲ್ (ಸ್ಟೀರಿಂಗ್ ಆರ್ಮ್ ಇರೋ ಲೋಹದ ಭಾಗ) ಜೊತೆ ಬಿಗಿದುಕೊಳ್ಳೋದರಿಂದ ಬೇರಿಂಗ್ ಆಟ ಮಾಯವಾಗುತ್ತೆ, ಬಾಲ್ ಜಾಯಿಂಟ್ ಆಟ ಹಾಗೇ ಉಳಿಯುತ್ತೆ.

---

ಗ್ರೀಸ್_ಕೈ

ಮೇಲಿನದಕ್ಕೆ ಸೇರಿಸೋದು ಸ್ವಲ್ಪ ಇದೆ. ಸ್ಟೀರಿಂಗ್ ಕಂಪ್ಲೇಂಟ್ ಅಂತ ಬರೋ ಗಾಡಿಗಳಲ್ಲಿ ಕೆಲವಕ್ಕೆ ಸ್ಟೀರಿಂಗ್‌ಗೂ ತೊಂದರೆಗೂ ಸಂಬಂಧವೇ ಇರೋದಿಲ್ಲ.

ಲೋಯರ್ ಆರ್ಮ್‌ನ ಬುಷ್ ಹರಿದಿದ್ದರೆ ಬ್ರೇಕ್ ಹಿಡಿದಾಗ ಆರ್ಮ್ ಹಿಂದಕ್ಕೆ ಸರಿಯುತ್ತೆ, ಬಿಟ್ಟಾಗ ಮುಂದಕ್ಕೆ ಬರುತ್ತೆ. ಚಕ್ರದ ಕೋನ ಜೊತೆಗೇ ಬದಲಾಗುತ್ತೆ. ಅಲೈನ್‌ಮೆಂಟ್ ಯಂತ್ರದ ಮೇಲೆ ನಿಂತಾಗ ಎಲ್ಲ ಸರಿ, ರಸ್ತೆಗೆ ಇಳಿದ ಮೇಲೆ ಎಳೆತ. ನಿಮ್ಮ "ಕೆಲವೇ ದಿನ ಸರಿ" ಅನ್ನೋದಕ್ಕೆ ಇದೂ ಕಾರಣ ಇರಬಹುದು. ಬುಷ್ ಪಕ್ಕ ಪ್ರೈ ಬಾರ್ ಇಟ್ಟು ಮೀಟಿ ನೋಡಿ. ರಬ್ಬರ್ ಹಿಗ್ಗೋದು ಸಹಜ, ಒಳಗಿನ ಲೋಹದ ಕೊಳವೆಯಿಂದ ರಬ್ಬರ್ ಬಿಟ್ಟುಕೊಂಡು ಸಂದು ಕಂಡರೆ ಬದಲಾಯಿಸಬೇಕು.

ಲೋಯರ್ ಬಾಲ್ ಜಾಯಿಂಟ್ ನೋಡುವಾಗ ಜಾಕ್ ಎಲ್ಲಿ ಕೊಡ್ತೀರಿ ಅನ್ನೋದು ಮುಖ್ಯ. ನಿಮ್ಮದು ಸ್ಟ್ರಟ್ ಗಾಡಿ, ಭಾರ ಸ್ಪ್ರಿಂಗ್ ಮೂಲಕ ನಕಲ್‌ಗೆ ಬರುತ್ತೆ, ಲೋಯರ್ ಆರ್ಮ್ ಬರೀ ಹಿಡಿದುಕೊಂಡಿರುತ್ತೆ. ಗಾಡಿಯ ಬಾಡಿ ಕೆಳಗೆ ಜಾಕ್ ಕೊಟ್ಟು ಚಕ್ರ ನೇತಾಡಲಿ, ಆರ್ಮ್ ಮತ್ತು ನಕಲ್ ಮಧ್ಯೆ ಮೀಟಿದರೆ ಆಟ ಕಾಣುತ್ತೆ. ಲೋಯರ್ ಆರ್ಮ್ ಮೇಲೇ ಸ್ಪ್ರಿಂಗ್ ಕೂತಿರೋ ಗಾಡಿಗಳಲ್ಲಿ ಇದು ಉಲ್ಟಾ. ಅಲ್ಲಿ ಆರ್ಮ್ ಕೆಳಗೇ ಜಾಕ್ ಕೊಡಬೇಕು, ಇಲ್ಲದಿದ್ದರೆ ಸ್ಪ್ರಿಂಗ್ ಒತ್ತಡಕ್ಕೆ ಸವೆದ ಜಾಯಿಂಟೂ ಬಿಗಿಯಾಗಿರೋ ಹಾಗೆ ಕಾಣುತ್ತೆ. ಬಾಲ್ ಜಾಯಿಂಟ್‌ನಲ್ಲಿ ಸ್ಪಷ್ಟ ಆಟ ಇದ್ದರೆ ಗಾಡಿ ಓಡಿಸಬೇಡಿ. ಅದು ಕಳಚಿದರೆ ಚಕ್ರ ಅಡ್ಡ ಮಲಗುತ್ತೆ.

ಸ್ಟ್ರಟ್ ಮೇಲಿನ ಬೇರಿಂಗನ್ನೂ ಮರೀಬೇಡಿ. ನಿಂತಲ್ಲೇ ಸ್ಟೀರಿಂಗ್ ತಿರುಗಿಸುವಾಗ ಸ್ಪ್ರಿಂಗ್ ಮೇಲೆ ಕೈಯಿಡಿ. ಒಂದೇ ಸಮ ತಿರುಗುವ ಬದಲು ಸುತ್ತಿಕೊಂಡು ಪಟ್ ಅಂತ ಬಿಟ್ಟರೆ ಆ ಬೇರಿಂಗ್ ಹಿಡಿದುಕೊಂಡಿದೆ. ಅದರ ಲಕ್ಷಣ ಬೇರೆ. ತಿರುವು ಮುಗಿದ ಮೇಲೆ ಸ್ಟೀರಿಂಗ್ ತಾನಾಗಿ ನೇರಕ್ಕೆ ಬರಲ್ಲ.

ಟೈರ್ ಮೇಲೂ ಅಂಗೈ ಆಡಿಸಿ. ಹೊರಗಿಂದ ಒಳಕ್ಕೆ ನುಣುಪು, ಒಳಗಿಂದ ಹೊರಕ್ಕೆ ಗರಗಸದ ಹಾಗೆ ಚುಚ್ಚಿದರೆ ಟೋ ಇನ್ (ಚಕ್ರಗಳ ಮುಂಭಾಗ ಒಳಕ್ಕೆ ತಿರುಗಿರೋದು) ಜಾಸ್ತಿ. ತಿರುಗುಮುರುಗಾದರೆ ಟೋ ಔಟ್. ಚುಚ್ಚದೆ ಒಂದೇ ಅಂಚು ನುಣ್ಣಗೆ ಸವೆದಿದ್ದರೆ ಕ್ಯಾಂಬರ್ (ಚಕ್ರ ಒಳಕ್ಕೋ ಹೊರಕ್ಕೋ ವಾಲಿರೋದು), ಅಂದರೆ ಬಾಗಿದ ಸ್ಟ್ರಟ್ ಅಥವಾ ಆರ್ಮ್ ಕಡೆ ಯೋಚಿಸಿ.

---

ನಾಲ್ಕನೇ_ಗೇರ್

ಇಬ್ಬರಿಗೂ ಧನ್ಯವಾದ. ಹೇಳಿದ ಹಾಗೇ ನೋಡಿದೆ. ಕಾಲಂ ಜಾಯಿಂಟ್ ಗಟ್ಟಿ ಇದೆ. ರ್ಯಾಕ್ ಹೌಸಿಂಗ್ ಕದಲಲ್ಲ. 12–6ರಲ್ಲಿ ಎರಡೂ ಕಡೆ ಏನೂ ಇಲ್ಲ. ಎಡ ಚಕ್ರ 9–3ರಲ್ಲಿ ಟಕ್ ಟಕ್ ಅನ್ನುತ್ತೆ. ಬೂಟ್ ಹಿಸುಕಿ ಹಿಡಿದರೆ ಎಡ ಒಳ ಜಾಯಿಂಟ್ ಬೆರಳಿಗೆ ಚೆನ್ನಾಗಿ ಹೊಡೆಯುತ್ತೆ, ಆ ಬೂಟಿನ ಒಂದು ಮಡಿಕೆ ಹರಿದಿದೆ, ಒಳಗೆ ಕೆಂಪು ತುಕ್ಕಿನ ನೀರು. ಹೊರಗಿನ ಎಂಡ್‌ಗಳ ಬೂಟೂ ಬಿರುಕು ಬಿಟ್ಟಿವೆ, ಎಡಗಡೆಯದರಲ್ಲಿ ಸ್ವಲ್ಪ ಆಟ. ಲೋಯರ್ ಆರ್ಮ್ ಬುಷ್ ಪರವಾಗಿಲ್ಲ.

ರ್ಯಾಕ್ ಹಿಂದೆ ಒಂದು ದೊಡ್ಡ ಅಡ್ಜಸ್ಟರ್ ನಟ್ ಇದೆಯಲ್ಲ, ಅದನ್ನು ಬಿಗಿ ಮಾಡಿದರೆ ಉಳಿದ ಆಟ ಹೋಗುತ್ತೆ ಅಂತಾರೆ. ನಿಜವಾ?

---

ಹಳೇ_ಚಾಸಿ

ಅದನ್ನು ಈಗ ಮುಟ್ಟಬೇಡಿ. ಅದರ ಒಳಗೆ ಸ್ಪ್ರಿಂಗ್ ಇಟ್ಟ ಒಂದು ಗೈಡ್ ಇದೆ, ರ್ಯಾಕನ್ನು ಪಿನಿಯನ್ ಹಲ್ಲಿಗೆ ಒತ್ತಿ ಹಿಡಿಯೋದು ಅದರ ಕೆಲಸ. ಗಾಡಿ ಬಹುಪಾಲು ನೇರ ಓಡೋದರಿಂದ ರ್ಯಾಕ್ ಮಧ್ಯದ ಹಲ್ಲುಗಳೇ ಸವೆಯೋದು, ತುದಿಯ ಹಲ್ಲುಗಳು ಹೊಸದರ ಹಾಗೇ ಇರುತ್ತೆ. ಮಧ್ಯದಲ್ಲಿ ಆಟ ಹೋಗೋಷ್ಟು ಬಿಗಿದರೆ ಪೂರ್ತಿ ತಿರುಗಿಸಿದಾಗ ರ್ಯಾಕ್ ಹಿಡಿದುಕೊಳ್ಳುತ್ತೆ, ಸ್ಟೀರಿಂಗ್ ವಾಪಸ್ ಬರಲ್ಲ. ಅದು ಆಟಕ್ಕಿಂತ ಅಪಾಯ.

ರಾಡ್‌ಗಳ ಕೆಲಸ ಮುಗಿದ ಮೇಲೂ ಪಿನಿಯನ್ ಹತ್ತಿರ ಕಟಕಟ ಉಳಿದರೆ ಆಗ ನೋಡಿ. ಮ್ಯಾನ್ಯುಯಲ್‌ನಲ್ಲಿ ಇಷ್ಟು ಟಾರ್ಕ್‌ಗೆ ಬಿಗಿದು ಇಷ್ಟು ಡಿಗ್ರಿ ಹಿಂದಕ್ಕೆ ಬಿಡಿ ಅಂತ ಇರುತ್ತೆ, ಅದರಂತೆ ಮಾಡಿ. ಅದು ಸಿಗದಿದ್ದರೆ ಎಂಟನೇ ಒಂದು ಸುತ್ತಿಗಿಂತ ಹೆಚ್ಚು ಒಂದೇ ಸಲ ತಿರುಗಿಸಬೇಡಿ. ಪ್ರತಿ ಸಲ ಎರಡೂ ಚಕ್ರ ಗಾಳಿಯಲ್ಲಿ ಇಟ್ಟು ಈ ಕೊನೆಯಿಂದ ಆ ಕೊನೆಗೆ ತಿರುಗಿಸಿ, ಎಲ್ಲೂ ಹಿಡಿಯಬಾರದು.

ಇನ್ನೊಂದು ನೋಡಿ. ಬೂಟ್ ಹರಿದು ನೀರು ಹೋಗಿದೆ ಅಂದಿರಿ. ಬೂಟ್ ಬಿಚ್ಚಿದಾಗ ರ್ಯಾಕ್ ಬಾರ್ ಮೇಲೆ ತುಕ್ಕಿನ ಗುಳಿ ಬಿದ್ದಿದೆಯಾ ಅಂತ ಒರೆಸಿ ನೋಡಿ. ಪಿನಿಯನ್ ಇಲ್ಲದ ತುದಿಯಲ್ಲಿ ಬಾರ್ ಹಿಡಿದು ಮೇಲೆ ಕೆಳಗೆ ಎತ್ತಿ. ಅಲ್ಲಿ ಒಂದು ಬುಷ್ ಇರುತ್ತೆ, ಸವೆದಿದ್ದರೆ ಬಾರೇ ಕುಣಿಯುತ್ತೆ. ಗುಳಿ ಬಿದ್ದು ಬುಷ್ ಕೂಡ ಹೋಗಿದ್ದರೆ ಮೊದಲ ಮೆಕ್ಯಾನಿಕ್ ಹೇಳಿದ್ದೇ ಸರಿ, ರ್ಯಾಕ್ ಅಸೆಂಬ್ಲಿನೇ ತರಬೇಕು. ಬರೀ ಮೇಲ್ಮೈ ತುಕ್ಕಾದರೆ ಒರೆಸಿ, ಮ್ಯಾನ್ಯುಯಲ್ ಹೇಳಿದ ಗ್ರೀಸ್ ಹಚ್ಚಿ ಮುಂದುವರಿಯಿರಿ.

---

ಟಾರ್ಕ್‌ರೆಂಚ್

ಬೇಕಾಗೋ ಪಾರ್ಟ್: ಎಡ ರ್ಯಾಕ್ ಎಂಡ್, ಎರಡೂ ಕಡೆ ಟೈ ರಾಡ್ ಎಂಡ್, ಎಡಗಡೆ ರ್ಯಾಕ್ ಬೂಟ್ ಮತ್ತು ಅದರ ಎರಡು ಕ್ಲಿಪ್, ರ್ಯಾಕ್ ಎಂಡ್‌ನ ಲಾಕ್ ವಾಷರ್, ಹೊಸ ಸ್ಪ್ಲಿಟ್ ಪಿನ್. ಬಲ ರ್ಯಾಕ್ ಎಂಡ್ ಗಟ್ಟಿ ಇದ್ದರೆ ಬಿಡಿ. "ಜೋಡಿಯಲ್ಲೇ ಹಾಕಬೇಕು" ಅನ್ನೋದು ಶಾಕ್ ಅಬ್ಸಾರ್ಬರ್‌ಗೆ ಸರಿ, ಇಲ್ಲಿ ಸವೆದದ್ದು ಮಾತ್ರ ಬದಲಾಯಿಸಿದರೆ ತಪ್ಪೇನಿಲ್ಲ. ಹೊಸ ಜಾಯಿಂಟ್ ಕೈಯಲ್ಲಿ ಹಿಡಿದು ನೋಡಿ, ಬಾಲ್ ಬಿಗಿಯಾಗಿ, ಒಂದೇ ಸಮ ತಿರುಗಬೇಕು. ರಾಡ್ ತನ್ನ ಭಾರಕ್ಕೇ ಜೋತು ಬೀಳುತ್ತಿದ್ದರೆ ವಾಪಸ್ ಕೊಡಿ.

ಹಿಂದಿನ ರಾತ್ರಿನೇ ರಾಡ್, ಸ್ಟಡ್‌ಗಳ ದಾರಗಳನ್ನು (ಥ್ರೆಡ್) ವೈರ್ ಬ್ರಷ್‌ನಲ್ಲಿ ಉಜ್ಜಿ ತುಕ್ಕು ಬಿಡಿಸೋ ಎಣ್ಣೆ ಹಾಕಿಡಿ. ಗಾಡಿ ನೇರಕ್ಕೆ ನಿಲ್ಲಿಸಿ, ಸ್ಟೀರಿಂಗ್ ನೇರ ಇರೋದನ್ನು ಟೇಪ್ ಅಂಟಿಸಿ ಗುರುತು ಮಾಡಿ. ವೀಲ್ ನಟ್ ನೆಲದಲ್ಲೇ ಸಡಿಲ ಮಾಡಿ, ಮುಂದಿನ ಎರಡೂ ಬದಿ ಸ್ಟ್ಯಾಂಡ್ ಮೇಲೆ ಕೂರಿಸಿ ಚಕ್ರ ತೆಗೆಯಿರಿ.

ಟೈ ರಾಡ್ ಎಂಡ್ ಬಿಚ್ಚುವ ಮೊದಲು ಅಳತೆ ತೆಗೆದುಕೊಳ್ಳಿ. ಹೊರ ಬಾಲ್‌ನ ಮಧ್ಯದಿಂದ ರ್ಯಾಕ್ ಎಂಡ್‌ನ ಬಾಲ್ ಹೌಸಿಂಗ್ ಅಂಚಿನವರೆಗೆ ಎಷ್ಟು ಅಂತ ಬರೆದಿಡಿ. ನಿಮ್ಮ ಕೆಲಸದಲ್ಲಿ ಒಳಗಿನ ರಾಡೂ ಬದಲಾಗೋದರಿಂದ ಸುತ್ತು ಎಣಿಸೋದು ಸಾಲದು, ಹೊಸ ರಾಡ್‌ನ ದಾರ ಬೇರೆ ಜಾಗದಿಂದ ಶುರುವಾಗಬಹುದು. ಬಲಗಡೆ ಹೊರಗಿನದು ಮಾತ್ರ ಬದಲಾಗುತ್ತೆ, ಅಲ್ಲಿ ಲಾಕ್ ನಟ್‌ನ ಜಾಗಕ್ಕೆ ಬಣ್ಣ ಹಚ್ಚಿ, ಅದನ್ನು ಕಾಲು ಸುತ್ತು ಮಾತ್ರ ಸಡಿಲಿಸಿ, ಎಂಡ್ ಬಿಚ್ಚುವಾಗ ಸುತ್ತು ಎಣಿಸಿ.

ಲಾಕ್ ನಟ್‌ಗಳನ್ನು ಟೇಪರ್ (ಆರ್ಮ್‌ನ ಕಣ್ಣಲ್ಲಿ ಕಚ್ಚಿ ಕೂರೋ ಸ್ಟಡ್‌ನ ಓರೆ ಭಾಗ) ಬಿಡಿಸೋಕೆ ಮುಂಚೆಯೇ ಸಡಿಲ ಮಾಡಿ. ಎಂಡ್ ನಕಲ್‌ನಲ್ಲಿ ಗಟ್ಟಿ ಕೂತಿರುವಾಗ ಬಲ ಹಾಕೋಕೆ ಆಧಾರ ಸಿಗುತ್ತೆ.

ಆಮೇಲೆ ಸ್ಪ್ಲಿಟ್ ಪಿನ್ ತೆಗೆದು ಕ್ಯಾಸಲ್ ನಟ್‌ನ (ಪಿನ್ ಕೂರೋ ಸೀಳುಗಳಿರೋದು) ದಾರದ ತುದಿವರೆಗೆ ತನ್ನಿ, ಪೂರ್ತಿ ತೆಗೀಬೇಡಿ. ಬಾಲ್ ಜಾಯಿಂಟ್ ಪುಲ್ಲರ್ ಇದ್ದರೆ ಅದನ್ನೇ ಬಳಸಿ. ಇಲ್ಲದಿದ್ದರೆ ಸ್ಟೀರಿಂಗ್ ಆರ್ಮ್‌ನ ಕಣ್ಣಿನ ಪಕ್ಕಕ್ಕೆ ಸುತ್ತಿಗೆಯಲ್ಲಿ ಗಟ್ಟಿಯಾಗಿ ಹೊಡೆಯಿರಿ, ಹಿಂದೆ ಇನ್ನೊಂದು ಭಾರದ ಸುತ್ತಿಗೆ ಒತ್ತಿ ಹಿಡಿದರೆ ಬೇಗ ಬಿಡುತ್ತೆ. ಸ್ಟಡ್ ತುದಿಗೆ ಹೊಡೆಯಬೇಡಿ, ದಾರ ಅಣಬೆಯಾಗಿ ನಟ್ ಕೂಡ ಬರಲ್ಲ. ಆರ್ಮ್ ಅಲ್ಯೂಮಿನಿಯಂ ನಕಲ್‌ನದಾದರೆ ಸುತ್ತಿಗೆ ಬೇಡವೇ ಬೇಡ. ಕವೆಗೋಲಿನ ಥರದ ಫೋರ್ಕ್ ಬೂಟ್ ಹರಿಯುತ್ತೆ, ಎಸೆಯೋ ಎಂಡ್‌ಗೆ ಮಾತ್ರ ಅದು.

ರ್ಯಾಕ್ ಎಂಡ್: ಬೂಟ್ ಕ್ಲಿಪ್ ಕತ್ತರಿಸಿ ಬೂಟ್ ಎಳೆಯಿರಿ. ಮಡಚಿದ ಲಾಕ್ ವಾಷರ್ ಅಂಚನ್ನು ಉಳಿಯಿಂದ ಬಿಡಿಸಿ. ಇಲ್ಲಿ ಎಲ್ಲರೂ ಮಾಡೋ ತಪ್ಪು, ಸ್ಟೀರಿಂಗ್ ಲಾಕ್ ಹಾಕಿ ಒಂದೇ ಸ್ಪ್ಯಾನರ್‌ನಲ್ಲಿ ಜಗ್ಗೋದು. ಆ ತಿರುಚು ಪೂರ್ತಿ ಪಿನಿಯನ್ ಹಲ್ಲು ಮತ್ತು ಗೈಡ್ ಮೇಲೆ ಬೀಳುತ್ತೆ. ರ್ಯಾಕನ್ನು ಎಡಕ್ಕೆ ಹೊರಗೆ ತಂದರೆ ಬಾರ್ ಮೇಲೆ ಸಮತಟ್ಟು ಜಾಗ ಕಾಣುತ್ತೆ, ಅದಕ್ಕೆ ಒಂದು ಸ್ಪ್ಯಾನರ್ ಕೊಟ್ಟು ಹಿಡಿದು ಇನ್ನೊಂದರಲ್ಲಿ ರ್ಯಾಕ್ ಎಂಡ್ ಬಿಚ್ಚಿ. ಸಮತಟ್ಟು ಇಲ್ಲದಿದ್ದರೆ ಹಲ್ಲಿರೋ ಭಾಗವನ್ನು ಮೆದು ದವಡೆಯಿಂದ ಹಿಡಿಯಿರಿ. ಬುಷ್‌ನಲ್ಲಿ ಓಡಾಡೋ ನುಣುಪು ಭಾಗಕ್ಕೆ ಪೈಪ್ ರೆಂಚ್ ಹಾಕಬೇಡಿ.

ಹೊಸದು ಕೂರಿಸುವಾಗಲೂ ಹಾಗೇ ಹಿಡಿದು ಬಿಗಿ ಮಾಡಿ. ಚಿಕ್ಕ ಕಾರುಗಳಲ್ಲಿ ಇದು ಸಾಮಾನ್ಯವಾಗಿ 70ರಿಂದ 100 ನ್ಯೂಟನ್ ಮೀಟರ್ ಮಧ್ಯೆ ಇರುತ್ತೆ, ನಿಮ್ಮ ಮ್ಯಾನ್ಯುಯಲ್ ಅಂಕಿಯೇ ಕೊನೆ ಮಾತು. ಲಾಕ್ ವಾಷರ್ ಅಂಚನ್ನು ಸಮತಟ್ಟಿನ ಮೇಲೆ ಪೂರ್ತಿ ಮಡಚಿ.

ಬೂಟ್ ಏರಿಸುವ ಮೊದಲು ರಾಡ್‌ನಲ್ಲಿ ಅದರ ಸಣ್ಣ ಬಾಯಿ ಕೂರೋ ಜಾಗಕ್ಕೆ ಗ್ರೀಸ್ ಸವರಿ. ಮುಂದೆ ಅಲೈನ್‌ಮೆಂಟ್‌ನಲ್ಲಿ ರಾಡ್ ತಿರುಗಿಸುವಾಗ ಬೂಟ್ ಜೊತೆಗೇ ತಿರುಚಿಕೊಂಡು ಹರಿಯೋದು ಇದು ಇಲ್ಲದಿದ್ದಾಗಲೇ.

ಟೇಪರ್ ಎರಡೂ ಕಡೆ ಒಣಗಿರಲಿ. ಅಲ್ಲಿ ಗ್ರೀಸ್ ಹಾಕಿದರೆ ಹಿಡಿತವೇ ಹೋಗುತ್ತೆ. ಕ್ಯಾಸಲ್ ನಟ್ ಸಾಮಾನ್ಯವಾಗಿ 30ರಿಂದ 50 ನ್ಯೂಟನ್ ಮೀಟರ್. ಪಿನ್ ತೂತು ಸೇರದಿದ್ದರೆ ಇನ್ನೂ ಸ್ವಲ್ಪ ಬಿಗಿದು ಸೇರಿಸಿ, ಸಡಿಲಿಸಿ ಸೇರಿಸಬೇಡಿ. ನೈಲಾನ್ ನಟ್ ಕೊಟ್ಟಿದ್ದರೆ ಪ್ರತಿ ಸಲ ಹೊಸದೇ.

ಕೊನೆಗೆ ಲಾಕ್ ನಟ್. ಎಂಡ್‌ಗೆ ಒಂದು ಸ್ಪ್ಯಾನರ್ ಕೊಟ್ಟು ಹಿಡಿದೇ ಬಿಗಿಯಿರಿ. ಹಿಡಿಯದೆ ಬಿಗಿದರೆ ಎಂಡ್ ಓರೆಯಾಗಿ ಬಾಲ್ ಒಂದು ಕಡೆಗೆ ಒರಗುತ್ತೆ, ಪೂರ್ತಿ ತಿರುಗಿಸಿದಾಗ ಜಾಯಿಂಟ್ ಅಂಚಿಗೆ ತಾಗಿ ಹೊಸದೇ ಬೇಗ ಹಾಳಾಗುತ್ತೆ. ಬಿಗಿದ ಮೇಲೆ ರಾಡನ್ನು ಹಿಂದೆ ಮುಂದೆ ಹೊರಳಿಸಿ ನೋಡಿ, ಎರಡೂ ಕಡೆ ಒಂದೇ ಅಷ್ಟು ಹೊರಳಬೇಕು.

---

ನಾಲ್ಕನೇ_ಗೇರ್

ಕ್ಯಾಸಲ್ ನಟ್ ಬಿಗಿಯುವಾಗ ಹೊಸ ಎಂಡ್‌ನ ಸ್ಟಡ್ಡೇ ಗಿರಗಿರ ತಿರುಗುತ್ತಿದೆ. ಟೇಪರ್ ಸರಿಯಿಲ್ಲವಾ? ಮತ್ತೆ, ಅಳತೆ ಸರಿಯಾಗಿ ಹಿಡಿದಿದ್ದರೆ ಅಲೈನ್‌ಮೆಂಟ್ ಬೇಕೇ ಬೇಕಾ?

---

ಟಾರ್ಕ್‌ರೆಂಚ್

ಟೇಪರ್ ಇನ್ನೂ ಕಚ್ಚಿಲ್ಲ ಅಷ್ಟೆ. ಎಂಡ್ ಕೆಳಗೆ ಜಾಕ್ ಕೊಟ್ಟು ಮೇಲಕ್ಕೆ ಒತ್ತಿ, ಅಥವಾ ಸಿ ಕ್ಲ್ಯಾಂಪ್ ಹಾಕಿ, ಸ್ಟಡ್ ಕಣ್ಣಿಗೆ ಒತ್ತಿಕೊಂಡು ನಿಲ್ಲುತ್ತೆ. ಕೆಲವು ಸ್ಟಡ್‌ಗಳ ತುದಿಯಲ್ಲಿ ಅಲೆನ್ ಕೀ ಹಿಡಿಯೋಕೆ ತೂತು ಇರುತ್ತೆ. ಹೀಗೆಲ್ಲ ಮಾಡಿಯೂ ಕೂರದೆ, ನಟ್ ದಾರದ ಬುಡ ತಲುಪಿದರೂ ಸ್ಟಡ್ ಕಣ್ಣಿನಲ್ಲಿ ಅಲ್ಲಾಡುತ್ತಿದ್ದರೆ ಪಾರ್ಟ್ ಬೇರೆ ಮಾಡೆಲ್‌ನದು ಅಥವಾ ನಕಲ್ ಕಣ್ಣು ಹಿಗ್ಗಿದೆ. ಆಗ ಗಾಡಿ ಓಡಿಸಬೇಡಿ.

ಅಲೈನ್‌ಮೆಂಟ್ ಬೇಕೇ ಬೇಕು. ಲೆಕ್ಕ ನೋಡಿ: ದಾರದ ಪಿಚ್ 1.5 ಮಿ.ಮೀ., ಸ್ಟೀರಿಂಗ್ ಆರ್ಮ್ ಉದ್ದ 130 ಮಿ.ಮೀ. ಅಂತಿಟ್ಟುಕೊಂಡರೆ ಒಂದು ಸುತ್ತಿಗೆ ಚಕ್ರ ಸುಮಾರು 0.66 ಡಿಗ್ರಿ ತಿರುಗುತ್ತೆ. 14 ಇಂಚಿನ ರಿಮ್‌ನ ಮುಂದಿನ ಮತ್ತು ಹಿಂದಿನ ಅಂಚಿನ ಮಧ್ಯೆ ಅದು 4 ಮಿ.ಮೀ. ವ್ಯತ್ಯಾಸ. ಟೋಗೆ ಸಿಗೋ ಅವಕಾಶ ಸಾಮಾನ್ಯವಾಗಿ ಒಂದೆರಡು ಮಿ.ಮೀ. ಟೇಪ್ ಹಿಡಿದು ಅಳೆದ ನಿಮ್ಮ ಅಳತೆಯಲ್ಲೇ ಅಷ್ಟು ತಪ್ಪಿರುತ್ತೆ. ಹೋಗಿಬರೋಕೆ ಸಾಕು, ಟೈರ್ ಉಳಿಸೋಕೆ ಸಾಲದು.

---

ಗ್ರೀಸ್_ಕೈ

ಅಲೈನ್‌ಮೆಂಟ್‌ಗೆ ಹೋಗುವಷ್ಟು ದೂರ ಗಾಡಿ ನೆಟ್ಟಗೆ ಓಡಬೇಕಲ್ಲ, ಅದಕ್ಕೆ ನೂಲಿನ ದಾರ ಕಟ್ಟಿ ನೋಡಿ. ಎರಡೂ ಬದಿಗೆ ಸ್ಟ್ಯಾಂಡ್ ಇಟ್ಟು ಚಕ್ರದ ಮಧ್ಯದ ಎತ್ತರಕ್ಕೆ ದಾರ ಬಿಗಿಯಿರಿ. ಎರಡು ದಾರಗಳ ನಡುವಿನ ಅಂತರ ಗಾಡಿಯ ಮುಂದೆಯೂ ಹಿಂದೆಯೂ ಒಂದೇ ಇರಬೇಕು, ಹಬ್‌ನಿಂದ ದಾರಕ್ಕೆ ಇರೋ ದೂರ ಎಡಕ್ಕೂ ಬಲಕ್ಕೂ ಸಮ ಇರಬೇಕು. ಆಮೇಲೆ ರಿಮ್‌ನ ಮುಂದಿನ ಅಂಚು, ಹಿಂದಿನ ಅಂಚಿನಿಂದ ದಾರಕ್ಕೆ ಉಕ್ಕಿನ ಸ್ಕೇಲ್‌ನಲ್ಲಿ ಅಳೆಯಿರಿ. ಅಳೆಯೋಕೆ ಮುಂಚೆ ಗಾಡಿಯನ್ನು ಕೆಲವು ಅಡಿ ಹಿಂದೆ ಮುಂದೆ ತಳ್ಳಿ, ಜಾಕ್ ಇಳಿಸಿದ ತಕ್ಷಣ ಸಸ್ಪೆನ್ಷನ್ ತನ್ನ ಮಾಮೂಲಿ ಜಾಗಕ್ಕೆ ಕೂತಿರಲ್ಲ.

ಯಾವ ಕಡೆ ತಿರುಗಿಸಬೇಕು ಅಂತ ಗೊಂದಲ ಆದರೆ: ಸ್ಟೀರಿಂಗ್ ಆರ್ಮ್ ಆಕ್ಸಲ್‌ಗಿಂತ ಹಿಂದೆ ಇದ್ದರೆ ರಾಡ್ ಉದ್ದ ಮಾಡಿದಷ್ಟೂ ಟೋ ಇನ್, ಮುಂದೆ ಇದ್ದರೆ ಉದ್ದ ಮಾಡಿದಷ್ಟೂ ಟೋ ಔಟ್. ಟೋ ಸರಿಯಾಗಿದ್ದು ಸ್ಟೀರಿಂಗ್ ಮಾತ್ರ ಓರೆ ನಿಂತರೆ ಒಂದು ರಾಡ್ ಎಷ್ಟು ಉದ್ದ ಮಾಡ್ತೀರೋ ಇನ್ನೊಂದನ್ನು ಅಷ್ಟೇ ಗಿಡ್ಡ ಮಾಡಿ. ಸ್ಟೀರಿಂಗ್ ವೀಲ್ ಬಿಚ್ಚಿ ಹಲ್ಲು ಬದಲಾಯಿಸಿ ಕೂರಿಸಬೇಡಿ. ರ್ಯಾಕ್ ಮಧ್ಯದಲ್ಲಿ ಇಲ್ಲದೆ ಹೋದರೆ ಒಂದು ಕಡೆ ತಿರುವು ಕಡಿಮೆ ಸಿಗುತ್ತೆ.

ಕೆಲಸ ಮುಗಿದ ಮೇಲೆ ಎರಡೂ ಕಡೆ ಲಾಕ್ ನಟ್‌ನಿಂದ ಹೊರಗೆ ಕಾಣೋ ದಾರ ಹೋಲಿಸಿ. ಹತ್ತಿರ ಹತ್ತಿರ ಇರಬೇಕು. ಒಂದು ಕಡೆ ತುಂಬಾ ಜಾಸ್ತಿ ಇದ್ದರೆ ಆರ್ಮ್ ಬಾಗಿದೆ ಅಥವಾ ಹಿಂದೆ ಯಾರೋ ಸ್ಟೀರಿಂಗ್ ವೀಲ್ ಕಿತ್ತು ಕೂರಿಸಿದ್ದಾರೆ. ಅಲೈನ್‌ಮೆಂಟ್ ಮಾಡುವವರು ಲಾಕ್ ನಟ್ ಬಿಗಿದರಾ ಅಂತ ನೀವೇ ಸ್ಪ್ಯಾನರ್ ಹಾಕಿ ನೋಡಿ, ಬೂಟ್ ತಿರುಚಿಕೊಂಡಿದ್ದರೆ ನೇರ ಮಾಡಿ. ಕೆಲವು ನೂರು ಕಿ.ಮೀ. ಓಡಿದ ಮೇಲೆ ಲಾಕ್ ನಟ್, ಪಿನ್, ಬೂಟ್ ಕ್ಲಿಪ್ ಮೂರನ್ನೂ ಇನ್ನೊಮ್ಮೆ ಮುಟ್ಟಿ ನೋಡಿ. ಎಡ ಟೈರಿನ ಹೊರ ಅಂಚು ಈಗಾಗಲೇ ಸವೆದಿರೋದರಿಂದ ಆ ಟೈರ್ ಮುಂದೆ ಇರುವಾಗ ಸ್ವಲ್ಪ ಎಳೆತ ಉಳಿಯಬಹುದು. ಮತ್ತೆ ರಾಡ್ ತಿರುಗಿಸೋಕೆ ಹೋಗದೆ ಮೊದಲು ಅದನ್ನು ಹಿಂದಕ್ಕೆ ಹಾಕಿ ಓಡಿಸಿ.